ಶುಕ್ರವಾರ ಮನೆ ಬಿಡದ ಲಕ್ಷ್ಮಿ

ಚನ್ನರಾಯಪಟ್ಟಣದ ಕೊಬ್ಬರಿ ವ್ಯಾಪಾರಿ ಪಂಚಾಕ್ಷರಯ್ಯನವರ ಮನೆಯಲ್ಲಿ ಪ್ರತಿ ಶುಕ್ರವಾರವೂ ಒಂದು ಅಘೋಷಿತ ಬಂದ್. ಅಂದು ಬಿಡಿಗಾಸೂ ಆಚೆ ಹೋಗಕೂಡದು. ಹೋದರೆ ಅದರ ಹಿಂದೆಯೇ ಲಕ್ಷ್ಮಿಯೂ ಸೆರಗು ಸಿಕ್ಕಿಸಿಕೊಂಡು ಹೊರಟುಬಿಡುತ್ತಾಳೆ ಎಂಬುದು ಅವರ ತಾಯಿಯ ಕಾಲದ ರಾಜಶಾಸನ. ಹಾಲಿನವಳಾಗಲಿ ಗ್ಯಾಸಿನವನಾಗಲಿ ಅಂದು ಆ ಬಾಗಿಲು ತಟ್ಟುತ್ತಿರಲಿಲ್ಲ. ಒಂದು ಶುಕ್ರವಾರ ಹಲ್ಲುನೋವು ಬಂದ ಹೆಂಡತಿ ನೀಲಗಂಗಮ್ಮ ಡಾಕ್ಟರ ಫೀಸಿಗಾಗಿ ಶನಿವಾರದವರೆಗೂ ಲವಂಗ ಕಚ್ಚಿಕೊಂಡು ಕಾದಿದ್ದರು. (ಲಕ್ಷ್ಮಿ ಉಳಿದಳು, ಹಲ್ಲು ಉಳಿಯಲಿಲ್ಲ.)

ಹೀಗಿರುವಾಗ, ಅವರು ಹದಿನೆಂಟು ವರ್ಷದಿಂದ ಬಾಡಿಗೆಗಿದ್ದ ಅಂಗಡಿಯನ್ನು ಬ್ಯಾಂಕಿನವರು ಆನ್‌ಲೈನ್ ಹರಾಜಿಗೆ ಹಾಕಿದರು. ಅದರ ಮಾಲೀಕ ಸಾಲ ತೀರಿಸಿರಲಿಲ್ಲ. ಬೇರೆ ಯಾರಾದರೂ ಕೊಂಡು ಬಿಡಿಸಿದರೆ ಕೊಬ್ಬರಿ ಮೂಟೆಗಳ ಜೊತೆ ತಾವೂ ಬೀದಿಗೆ. ಪಂಚಾಕ್ಷರಯ್ಯನವರು ಎರಡು ಲಕ್ಷದ ಇಪ್ಪತ್ತು ಸಾವಿರ ಠೇವಣಿ ಕಟ್ಟಿ, ಒಂದು ಗುರುವಾರ ಕಂಪ್ಯೂಟರ್ ಸೆಂಟರಿನಲ್ಲಿ ಕೂತು, ಎದುರಾಳಿಯ ಮುಖ ಕಾಣದ ಸಿಟ್ಟನ್ನು ಕಂಪ್ಯೂಟರಿನ ಮೇಲೆ ತೀರಿಸಿಕೊಳ್ಳುತ್ತ, ಇಪ್ಪತ್ಮೂರು ಲಕ್ಷಕ್ಕೆ ಗೆದ್ದೇಬಿಟ್ಟರು.

ಕೂಡಲೇ ಬ್ಯಾಂಕಿನ ಅಧಿಕಾರಿ ಅಮರನಾಥ ಫೋನು ಮಾಡಿ, ಕಾಲು ಭಾಗ ಹಣವನ್ನು ಇವತ್ತೇ, ತಪ್ಪಿದರೆ ನಾಳೆ ಬ್ಯಾಂಕು ಮುಚ್ಚುವುದರೊಳಗೆ ಕಟ್ಟಬೇಕು, ಇಲ್ಲದಿದ್ದರೆ ಠೇವಣಿ ಮುಟ್ಟುಗೋಲು ಎಂದರು.

"ರೀ, ಮೊದ್ಲು ದುಡ್ಡು ಕಟ್ಬುಡಿ, ಆಮೇಲೆ ಮೈಸೂರುಪಾಕ್ ಹಂಚೀರಂತೆ," ಅಂದರು ನೀಲಗಂಗಮ್ಮ. "ಕಮ್ಮಿ ಬಿದ್ರೆ ನನ್ ಪಾಲಿನ ದುಡ್ಡೈತೆ." ಹಿರೀಸಾವೆಯ ತವರಿನ ಜಮೀನು ಹೆದ್ದಾರಿಗೆ ಹೋದಾಗ ಅವರ ತಮ್ಮ ಕೊಟ್ಟ ಪಾಲು ಅದು, ಅವರ ಹೆಸರಿನಲ್ಲೇ ಇತ್ತು.

"ನಿನ್ ಕಡ್ಲೆಪುರಿ ದುಡ್ಡು ನೀನೇ ಮಡಿಕ್ಕೊ ಕಣೆ. ಗೆದ್ದ ಗಂಡ್ಸು ಗಾಬರಿ ಬೀಳಬಾರ್ದು," ಎಂದು ಪಂಚಾಕ್ಷರಯ್ಯನವರು ಇಡೀ ಬೀದಿಗೆ ಮೈಸೂರುಪಾಕ್ ಹಂಚಿದರು. ಹಂಚಿ ಮುಗಿಯುವಷ್ಟರಲ್ಲಿ ಬ್ಯಾಂಕು ಮುಚ್ಚಿತ್ತು. ಬೆಳಗಾದರೆ ಶುಕ್ರವಾರ.

"ಸಾ, ಇವತ್ತು ದುಡ್ಡು ಆಚೆಗೆ ಓಗಂಗಿಲ್ಲ. ನಾಳೆ ಬತ್ತೀನಿ," ಎಂದು ಬೆಳಿಗ್ಗೆ ಅಮರನಾಥರಿಗೆ ಫೋನು ಮಾಡಿದರು.

"ನಾಳೆ ಎರಡನೇ ಶನಿವಾರ ಯಜಮಾನ್ರೇ. ಬ್ಯಾಂಕಿಲ್ಲ."

"ನಾನು ಒಂದ್ ದಿನ ತಡ ಮಾಡಿದ್ರೆ ಮುಟ್ಟುಗೋಲು, ನೀವು ಎರಡು ದಿನ ಬಾಗ್ಲಾಕ್ಕೊಂಡು ಮಲಗಿದ್ರೆ ರಜಾ. ಯಾವ ನ್ಯಾಯ ಇದು?"

"ಬ್ಯಾಂಕಿಗೆ ಶುಕ್ರವಾರ ಗಿಕ್ರವಾರ ಇಲ್ಲ ಯಜಮಾನ್ರೇ."

"ಅದಕ್ಕೇ ಕಣ್ ಸಾ ನಿಮ್ ಸಾಲ ವಸೂಲಾಗಲ್ಲ," ಎಂದು ಫೋನು ಕುಕ್ಕಿದರು.

"ಫೋನಲ್ಲೇ ಕಳಿಸ್ಬೋದಂತಲ್ರೀ," ಎಂದರು ನೀಲಗಂಗಮ್ಮ.

"ಫೋನಲ್ಲಿ ಓದ್ರೂ ಲಕ್ಷ್ಮಿ ಓದಂಗೇ. ಬಾಯ್ಮುಚ್ಚು."

ಸೋಮವಾರ ಹತ್ತಕ್ಕೆ ಮುಂಚೆಯೇ, ಹಣೆತುಂಬ ವಿಭೂತಿ, ಕೈತುಂಬ ಚೆಕ್ಕುಪುಸ್ತಕದೊಂದಿಗೆ ಬ್ಯಾಂಕಿನ ಮುಂದೆ ನಿಂತರು. ಠೇವಣಿ ಅಷ್ಟರಲ್ಲೇ ಶಿವನ ಪಾದ ಸೇರಿತ್ತು. ಇನ್ನು ಸತ್ತರೂ ಆ ಬ್ಯಾಂಕಿನ ಮುಂದೆ ಕಾಲಿಡುವುದಿಲ್ಲ ಎಂದು ಭೀಷ್ಮಪ್ರತಿಜ್ಞೆ ಮಾಡಿ ಮನೆಗೆ ಬಂದರು. (ಬ್ಯಾಂಕು ಅಂಗಡಿಯ ದಾರಿಯಲ್ಲೇ ಇತ್ತು. ಪ್ರತಿಜ್ಞೆಗಾಗಿ ದಿನಾ ಒಂದು ಮೈಲಿ ಸುತ್ತಿ, ಸಕ್ಕರೆ ಕಾಯಿಲೆ ಹತೋಟಿಗೆ ಬಂತು.)

ಎರಡು ತಿಂಗಳಾದ ಮೇಲೆ ಅಂಗಡಿಗೆ ಒಂದು ವಕೀಲರ ಕಾಗದ ಬಂತು. ಅಂಗಡಿ ಮರುಹರಾಜಾಗಿ ಹೊಸ ಮಾಲೀಕರ ಪಾಲಾಗಿದೆ; ಈ ಶುಕ್ರವಾರ ಸಂಜೆ ಐದರೊಳಗೆ ಹದಿನೈದು ಸಾವಿರ ಬಾಡಿಗೆ ಕೊಡದಿದ್ದರೆ ಬೀಗ. ಇದು ಎರಡನೇ ಸಾಲು. ಅಷ್ಟಕ್ಕೇ ಪಂಚಾಕ್ಷರಯ್ಯನವರ ಕಣ್ಣು ಕೆಂಪೇರಿ ಮೂರನೇ ಸಾಲು ಕಾಣಲಿಲ್ಲ. (ಮಾಲೀಕರ ಹೆಸರು ಮೂರನೇ ಸಾಲಿನಲ್ಲಿತ್ತು.)

ಅಂದೇ ಶುಕ್ರವಾರ. ಪ್ರತಿಜ್ಞೆ ಮುರಿದು ಬ್ಯಾಂಕಿಗೆ ನುಗ್ಗಿದರು. "ಯಾವನ್ ಸಾ ಅವನು ಓನರ್ರು? ಅಡ್ರೆಸ್ ಕೊಡಿ. ಅವನ ಮನೆ ಬಾಗ್ಲಲ್ಲೇ ಮಾತಾಡ್ತೀನಿ."

ಅಮರನಾಥ ಮೀಸೆಯೊಳಗೇ ನಕ್ಕು ಚೀಟಿ ಬರೆದುಕೊಟ್ಟರು. ಪಂಚಾಕ್ಷರಯ್ಯನವರು ಅದನ್ನು ಆಟೋದವನ ಕೈಗೆ ತುರುಕಿ, ಚಾರ್ಜು ನಾಳೆ ಎಂದು ಹೇಳಿ, ದಾರಿಯುದ್ದಕ್ಕೂ ಬಯ್ಗುಳಗಳನ್ನು ಜೋಡಿಸಿಕೊಂಡರು. ಆಟೋ ನಿಂತಿತು.

"ಯಾಕ್ಲಾ ನಮ್ಮನೆ ಮುಂದೆ ನಿಲ್ಲಿಸ್ದೆ?"

"ನೀವು ಕೊಟ್ಟಿರೋ ಅಡ್ರೆಸ್ಸೇ ಇದು ಸಾ."

ನಡುಮನೆಯಲ್ಲಿ ನೀಲಗಂಗಮ್ಮ ಕನ್ನಡಕ ಹಾಕಿಕೊಂಡು ಅವರೆಕಾಯಿ ಸುಲಿಯುತ್ತಿದ್ದರು. ತಲೆಯೆತ್ತದೆ ಕೇಳಿದರು: "ಬಾಡಿಗೆ ತಂದ್ರಾ?"

ಜೋಡಿಸಿಕೊಂಡು ಬಂದಿದ್ದ ಬಯ್ಗುಳಗಳೆಲ್ಲ ಆಟೋದಲ್ಲೇ ಉಳಿದುಬಿಟ್ಟವು. "ನೀನಾ? ಯಾವಾಗ? ಯಾವ ದುಡ್ಡಲ್ಲಿ?"

"ಕಡ್ಲೆಪುರಿ ದುಡ್ಡಲ್ಲಿ. ಇಪ್ಪತ್ತೆರಡೂವರೆ ಲಕ್ಷಕ್ಕೇ ಸಿಕ್ತು. ಗುರುವಾರ ಗೆದ್ದೆ, ಗುರುವಾರ ಸಂಜೆಗೇ ಪೂರ್ತಿ ಕಟ್ಬುಟ್ಟೆ. ಮೈಸೂರುಪಾಕ್ ಹಂಚ್ಲಿಲ್ಲ ನೋಡಿ, ಅದಕ್ಕೇ ನಿಮಗೆ ಗೊತ್ತಾಗ್ಲಿಲ್ಲ."

ಪಂಚಾಕ್ಷರಯ್ಯನವರು ಅತ್ತಿತ್ತ ನೋಡಿದರು. ಗೋಡೆಯ ಕ್ಯಾಲೆಂಡರು ಕಂಡು ಜೀವ ಬಂತು. "ಇವತ್ತು ಶುಕ್ರವಾರ ಕಣೆ. ದುಡ್ಡು ಮನೆ ಬಿಟ್ಟು ಓಗಂಗಿಲ್ಲ."

"ಎಲ್ರೀ ಓಯ್ತದೆ?" ನೀಲಗಂಗಮ್ಮ ಪಕ್ಕದಲ್ಲಿದ್ದ ಸಾಸಿವೆ ಡಬ್ಬಿಯ ಮುಚ್ಚಳ ತೆಗೆದು ಮುಂದಿಟ್ಟರು. "ನಿಮ್ ಜೇಬಿಂದ ನನ್ ಡಬ್ಬಿಗೆ ಬತ್ತದೆ. ಲಕ್ಷ್ಮಿ ಹೊಸಿಲೇ ದಾಟಕ್ಕಿಲ್ಲ. ಬೇಗ ಕೊಡಿ, ಬೀಗದ ಕೈ ಸೊಂಟದಲ್ಲೇ ಐತೆ."

ಐದಕ್ಕೆ ಇನ್ನೂ ಹತ್ತು ನಿಮಿಷವಿತ್ತು. ಪಂಚಾಕ್ಷರಯ್ಯನವರು ತಮ್ಮ ಜೀವಮಾನದಲ್ಲಿ ಮೊದಲ ಸಲ ಶುಕ್ರವಾರ ಜೇಬಿಗೆ ಕೈ ಹಾಕಿದರು.