ದೊಡ್ಡಪ್ಪನ ರಬ್ಬರು

ನಮ್ಮ ದೊಡ್ಡಪ್ಪ ಬಂದ ಮನೆಯಲ್ಲಿ ಏನಾದರೊಂದು ಕಮ್ಮಿಯಾಗದೆ ಇರುವುದಿಲ್ಲ. ಹಾಗಂತ ಅವರು ಕಳ್ಳರಲ್ಲ, ಆರ್ಕಿಟೆಕ್ಟು. ಉಡುಪಿಯಿಂದ ಹೊರಟು ಇಂಗ್ಲೆಂಡಿನ ಉತ್ತರದ ಒಂದು ಸಣ್ಣ ಊರು ಸೇರಿ, ಇಬ್ಬರು ಇಂಗ್ಲಿಷರು ಪಾಲುದಾರಿಕೆಯಲ್ಲಿ ನಡೆಸುತ್ತಿದ್ದ ಆಫೀಸಿನಲ್ಲಿ ಜೀವನವಿಡೀ ಗೆರೆ ಎಳೆದವರು. ಈಗ ವರ್ಷದಲ್ಲಿ ಕೆಲವು ತಿಂಗಳು ಕ್ಯಾಲಿಫೋರ್ನಿಯಾದ ಸನ್ನಿವೇಲಿನಲ್ಲಿ ನಮ್ಮ ಅಪಾರ್ಟ್‌ಮೆಂಟಿನಲ್ಲಿ ಇರುತ್ತಾರೆ.

ಈ ಸಲ ಬರುವಾಗ ಒಂದು ತಲೆಬಿಸಿಯನ್ನೂ ಹೊತ್ತು ತಂದಿದ್ದರು. ಅವರ ಆಫೀಸು ಕಟ್ಟಿದ ಲೈಬ್ರರಿಯ ಗೋಡೆಗೆ ಆ ಊರಿನವರು ಕಲ್ಲಿನ ಫಲಕ ಹಾಕುತ್ತಾರಂತೆ, ಅದಕ್ಕೆ ಎರಡು ಸಾಲು ಬರೆದುಕೊಡಬೇಕಂತೆ. ಇಬ್ಬರು ಪಾಲುದಾರರೂ ತೀರಿಕೊಂಡಿದ್ದಾರೆ. ಬರೆಯಲು ಇವರನ್ನು ಬಿಟ್ಟರೆ ಇನ್ಯಾರಿದ್ದಾರೆ? ಆ ಲೈಬ್ರರಿ ಕಟ್ಟುವ ಹೊತ್ತಿಗೆ ದೊಡ್ಡಪ್ಪ ಮೂರನೆಯ ಪಾಲುದಾರರಾಗಿದ್ದರು. ಆದರೂ ಆಫೀಸಿನ ಬೋರ್ಡಿನಲ್ಲಿ ಕೊನೆಯವರೆಗೂ ಇದ್ದದ್ದು ಅವರಿಬ್ಬರದೇ ಹೆಸರು. ಕಲ್ಲಿನ ಮೇಲಾದರೂ ನಮ್ಮ ದೊಡ್ಡಪ್ಪನ ಹೆಸರು ಬರಲಿ ಅನ್ನುವುದು ನನ್ನಾಸೆ.

ಬೋರ್ಡಿನಲ್ಲಿ ಯಾಕೆ ಬರಲಿಲ್ಲ ಅಂತೀರಾ? ಅದಕ್ಕೆ ಆ ಆಫೀಸಿನ ಪದ್ಧತಿ ಕೇಳಬೇಕು. ಒಬ್ಬರು ಬರೆದ ನಕ್ಷೆ ಇನ್ನೊಬ್ಬರ ಮೇಜಿಗೆ ಹೋಗಬೇಕು, ಅವರು ಅದರಲ್ಲಿ ಏನಾದರೂ ಒಂದನ್ನು ಅಳಿಸಲೇಬೇಕು. ಸೇರಿಸುವ ಹಾಗಿಲ್ಲ. ಅಳಿಸಿದ್ದನ್ನು ಬರೆದವರು ಮತ್ತೆ ಬರೆಯುವ ಹಾಗೂ ಇಲ್ಲ. "ಹೆಚ್ಚಾದದ್ದು ಬರೆದವನಿಗೆ ಕಾಣುದಿಲ್ಲ ಮಾರಾಯ್ತಿ, ಇನ್ನೊಬ್ಬನ ಕಣ್ಣು ಬೇಕು" ಅನ್ನುತ್ತಾರೆ ದೊಡ್ಡಪ್ಪ. ತೆಳ್ಳಗಿನ ಪಾಲುದಾರರು ಒಮ್ಮೆ ಸಿಟ್ಟಿನಲ್ಲಿ ದಪ್ಪಗಿನವರು ಬರೆದ ಸಭಾಭವನದ ನಕ್ಷೆಯಿಂದ ಮುಂಬಾಗಿಲನ್ನೇ ಅಳಿಸಿ ಮನೆಗೆ ಹೋದರಂತೆ. ನಿಯಮ ನಿಯಮವೇ ತಾನೆ? ಇವತ್ತಿಗೂ ಅಲ್ಲಿ ಮದುಮಕ್ಕಳು ಕೂಡ ಹಿತ್ತಿಲಿನಿಂದಲೇ ಒಳಗೆ ಹೋಗಬೇಕು. ಮೂರು ಹೆಸರಿನ ಹೊಸ ಬೋರ್ಡಿನ ನಕ್ಷೆ ದೊಡ್ಡಪ್ಪನ ಮೇಜಿಗೆ ಬಂದಾಗ ಈ ಪುಣ್ಯಾತ್ಮರು ಏನು ಮಾಡಿದರು? ತಮ್ಮ ಹೆಸರನ್ನೇ ಅಳಿಸಿ ಕಳಿಸಿದರು!

ಆಫೀಸು ಮುಚ್ಚಿತು, ಪದ್ಧತಿ ಮಾತ್ರ ವಿಮಾನ ಹತ್ತಿ ಕ್ಯಾಲಿಫೋರ್ನಿಯಾಕ್ಕೆ ಬಂತು. ನನ್ನ ಗ್ರಾಸರಿ ಲಿಸ್ಟಿನಲ್ಲಿ ಅವರ ರಬ್ಬರಿಗೆ ಸಿಕ್ಕಿದ್ದು ಹುಣಸೆಹಣ್ಣು. ಆ ವಾರವಿಡೀ ನಾವು ಸಾರು ಅಂತ ಉಂಡದ್ದು ಖಾರ ಹಾಕಿದ ಬೇಳೆಕಟ್ಟು. ಮಂಡ್ಯದವರಾದ ನನ್ನ ಗಂಡ ಕನ್ನಡ ಕೂಟದ ವಂದನಾರ್ಪಣೆ ಬರೆದು ತೋರಿಸಿದರೆ ಅದರಿಂದ ಅಧ್ಯಕ್ಷರಿಗೆ ಮೀಸಲಾದ ಇಡೀ ಪುಟವನ್ನೇ ಎತ್ತಿಬಿಟ್ಟರು.

"ಏನ್ ದೊಡ್ಡಪ್ಪ, ನಾಳೆಯಿಂದ ಅವ್ರು ನನ್ನ ಮುಖ ನೋಡ್ತಾರಾ?"

"ನೋಡದಿದ್ರೆ ಬಿಡಲಿ. ಜನಕ್ಕೆ ಊಟ ಬೇಗ ಸಿಗ್ತದೆ."

ಊಟ ಬೇಗ ಸಿಕ್ಕಿತು ಅಂತ ಕೂಟದವರೆಲ್ಲ ನನ್ನ ಗಂಡನನ್ನು ಹೊಗಳಿದರು. ಅಧ್ಯಕ್ಷರೊಬ್ಬರು ಮಾತ್ರ ಇನ್ನೂ ಮಾತಾಡುತ್ತಿಲ್ಲ.

ಹೀಗೆ ಊರವರದ್ದೆಲ್ಲ ಅಳಿಸುವ ಮನುಷ್ಯ ತಮ್ಮ ಎರಡು ಸಾಲನ್ನು ಬರೆದಿಟ್ಟುಕೊಂಡು ಸುಮ್ಮನೆ ಕೂತಿದ್ದರು. "ಕಳಿಸಿಬಿಡಿ ದೊಡ್ಡಪ್ಪ, ಅವರು ಕಾಯ್ತಾ ಇರ್ತಾರೆ" ಅಂದೆ.

"ಕಳಿಸುದು ಹೇಗೆ? ಯಾರೂ ಅಳಿಸಲಿಲ್ಲ ಅಲ್ವಾ?" ಅಂದರು. ಹೌದಲ್ಲ, ಅಳಿಸಬೇಕಾದವರು ಇಬ್ಬರೂ ಹೋಗಿಬಿಟ್ಟಿದ್ದಾರೆ. ನಾನು ಅಡುಗೆಮನೆಗೆ ಹೋಗಿ ಪಾತ್ರೆ ತೊಳೆಯತೊಡಗಿದೆ.

ಸ್ವಲ್ಪ ಹೊತ್ತು ಬಿಟ್ಟು ದೊಡ್ಡಪ್ಪ ಅಲ್ಲಿಗೇ ಬಂದು ಹಾಳೆಯನ್ನೂ ರಬ್ಬರನ್ನೂ ನನ್ನ ಕೈಗೆ ಕೊಟ್ಟರು. "ನೀನೇ ಅಳಿಸಿ ಕೊಡು."

"ನಂಗೆ ಆರ್ಕಿಟೆಕ್ಚರ್ ಎಂತ ಗೊತ್ತುಂಟು ದೊಡ್ಡಪ್ಪ?"

"ಕಣ್ಣುಂಟಲ್ಲ?"

ಕೈ ಒರೆಸಿಕೊಂಡು ಓದಿದೆ. ಈ ಲೈಬ್ರರಿಯನ್ನು ಕಟ್ಟಿದವರು ಅಂತ ಮೊದಲ ಸಾಲು. ಎರಡನೆಯ ಸಾಲಿನಲ್ಲಿ ಮೊದಲು ಆ ಇಬ್ಬರ ಹೆಸರು. ಆಮೇಲೆ 'ಅವರ ಸಹಾಯಕ' ಅಂತ ಬರೆದು ಅದರ ಮುಂದೆ ಇವರ ಹೆಸರು. ನನಗೆ ರೇಗಿಹೋಯಿತು. "ಸಹಾಯಕ ಯಾರು? ನೀವು ಪಾಲುದಾರ ಅಲ್ವಾ?"

"ಕಲಿಸಿದವರು ಅವರು ಮಾರಾಯ್ತಿ. ಅವರ ಪಕ್ಕದಲ್ಲಿ ನಾನೆಂತ ಪಾಲುದಾರ?"

ನಾನು ಹಾಳೆಯನ್ನು ಒಲೆಯ ಪಕ್ಕದ ಕಟ್ಟೆಯ ಮೇಲಿಟ್ಟು 'ಅವರ ಸಹಾಯಕ' ಅನ್ನುವುದನ್ನು ಚೆನ್ನಾಗಿ ಉಜ್ಜಿ ಅಳಿಸಿ, ಪುಡಿ ಊದಿ, ವಾಪಸು ಕೊಟ್ಟೆ. ಈಗ ಅಲ್ಲಿ ಮೂರು ಹೆಸರುಗಳು ಒಂದೇ ಸಾಲಿನಲ್ಲಿದ್ದವು.

ದೊಡ್ಡಪ್ಪನ ಕೈ ಕಿವಿಯ ಮೇಲಿನ ಪೆನ್ಸಿಲಿಗೆ ಹೋಯಿತು, ಅಲ್ಲೇ ನಿಂತಿತು.

"ಮತ್ತೆ ಬರೆಯುವ ಹಾಗಿಲ್ಲ" ಅಂದೆ.

"ಇಲ್ಲ, ಇಲ್ಲ" ಅಂದರು. ಹಾಳೆಯನ್ನು ನೋಡುತ್ತಲೇ ನಿಂತರು. ಅವರ ಕಣ್ಣು ತುಂಬಿತ್ತು, ನನ್ನದೂ. ಆಮೇಲೆ ಮೆಲ್ಲಗೆ ಹೇಳಿದರು:

"ಅವರಿಬ್ರು ಇದ್ದಿದ್ರೂ ಇದನ್ನೇ ಅಳಿಸ್ತಿದ್ರು."