ಒಂದೇ ಒರಳಿನ ಎರಡು ಚಟ್ನಿ

ದೇವರು ಮನುಷ್ಯನಿಗೆ ಹೊಟ್ಟೆ ಕೊಟ್ಟ, ಹೊಟ್ಟೆಗೆ ಹಸಿವು ಕೊಟ್ಟ. ಅಷ್ಟಕ್ಕೇ ನಿಲ್ಲಿಸಿದ್ದರೆ ಸಾಕಿತ್ತು. ಗಂಡಸರಿಗೆ ಮೇಲೊಂದಿಷ್ಟು ಬುದ್ಧಿಯನ್ನೂ ಕೊಟ್ಟುಬಿಟ್ಟ. ಆ ಬುದ್ಧಿಯೂ ಆಸ್ತಿಯಂತೆ, ಅದನ್ನು ಯಾರಾದರೂ ಕದ್ದರೆ ಕೇಸು ಹಾಕಬಹುದಂತೆ. ನಮ್ಮ ಮನೆಯವರ ತಲೆಯಲ್ಲಿ ಆಸ್ತಿಯಿರುವ ಸುದ್ದಿ ನನ್ನ ಕಿವಿಗೆ ಬಿದ್ದದ್ದು ವಕೀಲರು ಹಾಗೆ ಹೇಳಿದ ದಿನವೇ.

ಬೆಂಗೇರಿಯಲ್ಲಿ ನಮ್ಮದೂ ಮೈದುನನದೂ ಅಂಟಿಕೊಂಡ ಮನೆಗಳು, ಹಿಂದೆ ಒಂದೇ ಹಿತ್ತಲು. ಅಣ್ಣತಮ್ಮ ಕೂಡಿ 'ಹಸಿರು ಬಳೆ' ಶೇಂಗಾ ಚಟ್ನಿ ಮಾರುತ್ತಿದ್ದರು. ಪೊಟ್ಟಣದ ಮೇಲೆ ಬಳೆ ತೊಟ್ಟು ಒನಕೆ ಹಿಡಿದ ಹೆಣ್ಣಿನ ಕೈ. ಚಿತ್ರಗಾರನ ಮುಂದೆ ಚಾಚಿದ್ದು ನನ್ನ ಕೈ, ಬಳೆ ಮೈದುನನ ಹೆಂಡತಿ, ನನ್ನ ನೆಗೆಣ್ಣಿ ಶಾರದೆಯವು. ಮುಂದೆ ಅಣ್ಣತಮ್ಮ ಬೇರೆಯಾದರು. ತಕ್ಕಡಿ, ಡಬ್ಬಿ, ಸೈಕಲ್ಲು ಎಲ್ಲ ಹಂಚಿದರು, ಹೆಸರು ಹಂಚುವುದನ್ನು ಮರೆತರು. ಮೈದುನ ಅದೇ ಕೈಯನ್ನು ಎಡದಿಂದ ಬಲಕ್ಕೆ ತಿರುಗಿಸಿ, ಸಾಸಿವೆ ಕಾಳಿನಷ್ಟು ಅಕ್ಷರದಲ್ಲಿ 'ಹೊಸ' ಎಂದು ಸೇರಿಸಿ, ಸರಕಾರದಲ್ಲಿ ತನ್ನ ಹೆಸರಿಗೆ ನೋಂದಣಿ ಮಾಡಿಸಿಕೊಂಡ. ನಮ್ಮ ತಕರಾರು ಅಲ್ಲಿ ನಡೆಯಲಿಲ್ಲ. ಉಳಿದದ್ದು ಅಪೀಲು.

"ಅಕ್ಕಾರ, ಇದು ಹೊಲದ ಬದುವಿನ ಜಗಳಾ ನೋಡೋ ಕೋರ್ಟ್ ಅಲ್ರಿ," ಎಂದರು ವಕೀಲರು. "ಹೆಸರು, ಗುರುತು ಇಂಥಾವಕ್ಕಂತನ ಇಡೀ ದೇಶಕ್ಕ ಒಂದು ಪೀಠ ಮಾಡ್ಯಾರ, ಮದ್ರಾಸಿನ್ಯಾಗ. ಕಾನೂನು ಬಲ್ಲವರೊಬ್ಬರು, ವಿಷಯ ಬಲ್ಲವರೊಬ್ಬರು ಕುಂತಿರ್ತಾರ."

"ವಿಷಯ ಅಂದ್ರ? ಚಟ್ನಿ ಕುಟ್ಟಾಕ ಬರತೈತೇನ್ರಿ ಅವರಿಗೆ?"

ವಕೀಲರಿಗೆ ಚಹಾ ನೆತ್ತಿಗೇರಿತು. "ನಿನಗ ತಿಳಿಯೂದಿಲ್ಲ, ಒಳಗ ನಡಿ," ಎಂದರು ನಮ್ಮ ಮನೆಯವರು. "ಇನ್ನ ಮ್ಯಾಲೆ ಆ ಮನಿ ಕಡೆ ಮಾರಿ ತಿರುಗಿಸಿದಿ ಅಂದ್ರ ನೋಡು!"

ತಿರುಗಿಸದೆ ಹೇಗೆ? ಪಾಲಾಗದ ಇನ್ನೊಂದು ವಸ್ತು ಹಿತ್ತಲಲ್ಲಿತ್ತು, ನೆಲದಲ್ಲಿ ಹುಗಿದ ಕಲ್ಲಿನ ಒರಳು. ಕೀಳುವುದು ಅಪಶಕುನ, ಒಡೆಯುವುದು ಪಾಪ. ಹೀಗಾಗಿ ಗಂಡಸರು ತಂತಮ್ಮ ಅಂಗಡಿಗೆ ಹೋದೊಡನೆ ನಾನೂ ಶಾರದೆಯೂ ಎದುರುಬದುರು ನಿಂತು ಎರಡೂ ಮನೆಯ ಚಟ್ನಿಯನ್ನು ಒಟ್ಟಿಗೇ ಕುಟ್ಟಿ, ಅರ್ಧ ನನ್ನ ಡಬ್ಬಿಗೆ, ಅರ್ಧ ಅವಳ ಡಬ್ಬಿಗೆ ಸುರಿಯುತ್ತಿದ್ದೆವು. ಮಗಳ ಬಾಣಂತನ, ಮೊಣಕಾಲ ನೋವು, ಗಂಡಂದಿರ ಚಾಳಿ ಎಲ್ಲ ಅಲ್ಲೇ ಆಡಿ ಹಗುರಾಗುವುದು. ಆ ಒಂದು ತಾಸು ತಪ್ಪಿಹೋದೀತೆಂದು ನನಗೆ ಜೀವಭಯ. ಪ್ರತಿ ಸೋಮವಾರ ಈಶ್ವರನಿಗೆ ಪತ್ರಿ ಏರಿಸಿ, "ಇವರು ಹಿತ್ತಲಕ್ಕ ಬರದಂಗ ನೋಡ್ಕೋ ತಂದಿ," ಎಂದು ಬೇಡಿಕೊಳ್ಳುತ್ತಿದ್ದೆ. ನಡೆಸಿಕೊಟ್ಟ. ಕೆಲಸ ನಡೆಯುವ ಜಾಗಕ್ಕೆ ಅವರು ತಾವಾಗಿ ಬರುವವರೂ ಅಲ್ಲ ಬಿಡಿ.

ಪುರಾವೆಗೆಂದು ವಕೀಲರು ಮೈದುನನ ಪೊಟ್ಟಣ ತಂದರು. ನಮ್ಮ ಮನೆಯವರು ಚಿಟಿಕೆಯಷ್ಟು ನಾಲಿಗೆಗೆ ಹಚ್ಚಿ ಮುಖ ಕಿವುಚಿದರು. "ಥೂ! ಇದೇನ್ ಚಟ್ನೀನೋ ಕಟ್ಟಿಗಿ ಪುಡೀನೋ? ನಮ್ಮ ಚಟ್ನಿ ರುಚಿ ಇದಕ್ಕೆಲ್ಲಿ ಬರಬೇಕು!" ನಾನು ಸೆರಗನ್ನು ಬಾಯಿಗೆ ಒತ್ತಿಕೊಂಡೆ. ಅತ್ತ ಮೈದುನನೂ ನಮ್ಮದನ್ನು ನೆಕ್ಕಿ ಹೀಗೇ ಉಗಿದನೆಂದು ಶಾರದೆ ಮರುದಿನ ಹೇಳಿದಳು. ದೇಶದ ದೊಡ್ಡ ಪೀಠಕ್ಕೆ, ಗಿರಾಕಿಗಳು ಎದುರಿನವನ ಕಳಪೆ ಮಾಲಿಗೆ ಮೋಸ ಹೋಗುತ್ತಿದ್ದಾರೆಂದು ಇಬ್ಬರೂ ಸಹಿ ಮಾಡಿ ಬರೆದುಕೊಟ್ಟರು.

ಒಂದೇ ರೈಲಿನಲ್ಲಿ, ಬೇರೆ ಬೇರೆ ಬುತ್ತಿಯಲ್ಲಿ, ಒಂದೇ ಚಟ್ನಿ ತಿನ್ನುತ್ತ ಇಬ್ಬರೂ ಮದ್ರಾಸಿಗೆ ಹೋಗಿ ಬಂದರು. ಪೀಠದವರು ಎರಡೂ ಪೊಟ್ಟಣದ ಕೈಗಳನ್ನು ತಿರುವಿ ಮುರುವಿ ನೋಡಿ, ನೋಂದಣಿ ಕಚೇರಿಯವರು ಸರಿಯಾಗಿ ವಿಚಾರಿಸಿಲ್ಲ, ಮೊದಲಿನಿಂದ ವಿಚಾರಿಸಲಿ ಎಂದರಂತೆ. "ನಾವ ಗೆದ್ದಂಗ!" ಎಂದು ಇವರು ಪೇಢೆ ತಂದರು. ಗೋಡೆಯಾಚೆಗೂ ಪೇಢೆ ಬಂತು. ಅಷ್ಟು ದೂರ ಹೋದರೂ ಕೈ ಯಾರದೆಂದು ಯಾರೂ ಕೇಳಲಿಲ್ಲ, ಇವರಂತೂ ಹೇಳಲಿಲ್ಲ.

ಮರುದಿನ ಒರಳಿನ ಮುಂದೆ ಇಬ್ಬರೂ ಹೊಟ್ಟೆ ಹಿಡಿದು ನಕ್ಕೆವು. ಕಣ್ಣೊರೆಸಿಕೊಳ್ಳುತ್ತ ಶಾರದೆ ಎಂದಳು: "ಹೋಗ್ಲಿ ಬಿಡಕ್ಕಾ, ನಮ್ಮ ಚಟ್ನಿ ಖರ್ಚಾಗೂದು ಹೆಸರಿನಿಂದೇನು? ನಾ ಬಂದ ಮ್ಯಾಲೆ ಬೆಲ್ಲದ ಚೂರು ಹಾಕಾಕ ಕಲಿಸಿದ್ನಲ್ಲಾ, ಅದರಿಂದ."

ನನ್ನ ಒನಕೆ ಮೇಲೆಯೇ ನಿಂತಿತು. "ನೀ ಕಲಿಸಿದಿ? ನಿನ್ನ ಲಗ್ನದ ಬುತ್ತಿ ಚಟ್ನಿಗೆ ಬೆಲ್ಲಾ ಹಾಕಿದಾಕಿ ಯಾರವಾ?"

"ಆ ರುಚಿ ನಮ್ಮ ತವರಮನೀದು ಅಕ್ಕಾ!"

ಅಂದು ಒನಕೆಗಳೆರಡೂ ಮಾತಿಲ್ಲದೆ ಬಿದ್ದವು. ಒರಳು ಒಂದೇ ಇದ್ದದ್ದು ದೇವರ ದಯೆ, ಎರಡಿದ್ದರೆ ನಾವೂ ಆಗಲೇ ಪಾಲಾಗುತ್ತಿದ್ದೆವು. ಆದರೂ ಬೆಲ್ಲ ನನ್ನದೇ. ಮೊನ್ನೆ ವಕೀಲರು ಬಂದಾಗ ಚಹಾಕ್ಕೆ ಶುಂಠಿ ಜಾಸ್ತಿ ಹಾಕಿ, ಬೆಲ್ಲದ ಕೇಸೂ ಮದ್ರಾಸಿನಲ್ಲಿ ನಡೆಯುತ್ತದೆಯೇ ಎಂದು ಸುಮ್ಮನೆ ಕೇಳಿ ಇಟ್ಟುಕೊಂಡಿದ್ದೇನೆ.