ಹವಾಯಿಯಲ್ಲಿ ಉಪ್ಪಿನಕಾಯಿ ಇಲ್ಲ!

"ಹವಾಯಿಗೆ ನಾವು ಹೋಗಕ್ಕಾಗ್ಲಿಲ್ಲ ತಾನೆ? ಹವಾಯೀನೇ ನಮ್ಮ ಬೀದಿಗೆ ಕರೆಸ್ತೀನಿ, ನೋಡ್ತಾ ಇರು!"

ಮಲೇಶಿಯಾದ ಸುಬಾಂಗ್ ಜಯಾದ ತಮ್ಮ ಮನೆಯ ಊಟದ ಮೇಜನ್ನು ಗುದ್ದಿ ರಮಾನಂದರು ಹೀಗೆ ಘೋಷಿಸಿದಾಗ ಸಾಂಬಾರಿನ ಬಟ್ಟಲು ಕುಣಿದು, ಅರ್ಧ ಸಾಂಬಾರು ಮೇಜಿನ ಮೇಲೆ ಹರಿಯಿತು.

"ಮೊದ್ಲು ಅದನ್ನ ಒರೆಸಿ ಮಾರಾಯ್ರೆ. ಆಮೇಲೆ ಹವಾಯಿ ಕರೆಸುವಿರಂತೆ" ಎಂದು ಹೆಂಡತಿ ವಿನೋದಾ ಬಟ್ಟೆ ಕೊಟ್ಟಳು.

ಅದು ಕೊರೊನಾದ ಮೊದಲ ವರ್ಷ. ಸೈಬರ್‌ಜಯಾದ ಆಫೀಸಿಗೆ ದಿನವೂ ಕಾರೋಡಿಸುತ್ತಿದ್ದ ಮೈಸೂರಿನ ರಮಾನಂದರು ಈಗ ಮೇಲೆ ಇಸ್ತ್ರಿ ಶರ್ಟು, ಕೆಳಗೆ ಪಂಚೆ ಉಟ್ಟು ಮಲಗುವ ಕೋಣೆಯಿಂದಲೇ ಸಾಫ್ಟ್‌ವೇರ್ ಲೋಕವನ್ನು ಆಳುತ್ತಿದ್ದರು. ಮದುವೆಯ ಬೆಳ್ಳಿಹಬ್ಬಕ್ಕೆ ವಿನೋದಾಳನ್ನು ಹವಾಯಿಗೆ ಕರೆದೊಯ್ಯುತ್ತೇನೆಂದು ಅವರು ಮಾತು ಕೊಟ್ಟಿದ್ದರು. ಅವಳಿಗೆ ಅಲ್ಲಿನ ಸಮುದ್ರ ಬೇಕಿರಲಿಲ್ಲ. ಕುಂದಾಪುರದ ಹುಡುಗಿಗೆ ಸಮುದ್ರವೇನು ಹೊಸತೆ? ಅವಳ ಆಸೆ ಒಂದೇ. ಅಲ್ಲಿ ಗೈಡೊಬ್ಬ ಹತ್ತಾರು ಜನರನ್ನು ಕೇರಿಯೊಳಗೆ ನಡೆಸಿಕೊಂಡು ಹೋಗಿ, ಈ ಅಂಗಡಿಯಲ್ಲಿ ಒಂದು ತುತ್ತು, ಆ ಅಂಗಡಿಯಲ್ಲಿ ಒಂದು ತುತ್ತು ತಿನ್ನಿಸುತ್ತಾನಂತೆ. ಆ ನಡಿಗೆಯ ವಿಡಿಯೋವನ್ನು ನೋಡಿ ನೋಡಿ ಗೈಡಿನ ಹಾಸ್ಯಗಳೂ ಅವಳಿಗೆ ಬಾಯಿಪಾಠವಾಗಿದ್ದವು.

ಅಷ್ಟರಲ್ಲಿ ವಿಮಾನಗಳು ನಿಂತವು. "ಎಲ್ಲ ಕ್ಯಾನ್ಸಲ್ ಆಗೋಯ್ತು, ವಿನೋದಾ!" ಎಂದು ರಮಾನಂದರು ತಲೆಯ ಮೇಲೆ ಕೈಹೊತ್ತು ಕೂತದ್ದನ್ನು ನೋಡಿ ಕರಗಿದ ವಿನೋದಾ ಅವರಿಗೆ ಸಮಾಧಾನ ಹೇಳಿ, ಹಯಗ್ರೀವ ಮಾಡಿ ಬಡಿಸಿದ್ದಳು.

ಇಲ್ಲೊಂದು ಗುಟ್ಟಿದೆ. ಕ್ಯಾನ್ಸಲ್ ಆಗಲು ಅಲ್ಲಿ ಟಿಕೆಟ್ಟೇ ಇರಲಿಲ್ಲ! ಮುಂದಿನ ವಾರ ದರ ಇಳಿಯುತ್ತದೆ, ಮುಂದಿನ ವಾರ ಇಳಿಯುತ್ತದೆ ಎಂದು ಕಾದು ಕಾದು ಮಹಾನುಭಾವರು ಬುಕ್ಕೇ ಮಾಡಿರಲಿಲ್ಲ. ಲೋಕವೆಲ್ಲ ವೈರಸ್ಸಿಗೆ ಹಿಡಿಶಾಪ ಹಾಕುತ್ತಿದ್ದಾಗ ರಮಾನಂದರು ಮಾತ್ರ ಮನಸ್ಸಿನ ಮೂಲೆಯಲ್ಲಿ ಅದಕ್ಕೊಂದು ನಮಸ್ಕಾರ ಹಾಕಿದ್ದರು. ಆದರೆ ಆ ಹಯಗ್ರೀವ ಗಂಟಲಲ್ಲಿ ಇಳಿಯುವಾಗ ಚುಚ್ಚಿದ್ದೂ ನಿಜ. ಅದಕ್ಕೇ ಈ ಘೋಷಣೆ. ಬೀದಿಯಲ್ಲೇ ಹವಾಯಿ ಊಟದ ನಡಿಗೆ ಏರ್ಪಡಿಸಿ ಹೆಂಡತಿಯನ್ನು ಖುಷಿಪಡಿಸಿಬಿಟ್ಟರೆ ಹವಾಯಿಯ ಮಾತು ಮತ್ತೆ ಏಳುವುದಿಲ್ಲ, ಗುಟ್ಟು ಹಾಗೇ ಮಣ್ಣಾಗುತ್ತದೆ!

ಸರಕಾರ ಬಿಗಿ ಸಡಿಲಿಸಿ, ಮಾಸ್ಕು ಹಾಕಿಕೊಂಡು ನೆರೆಮನೆಗೆ ಹೋಗಬಹುದು ಎಂದದ್ದೇ ತಡ, ಕೆಲಸ ಶುರುವಾಯಿತು. ಪಕ್ಕದ ಮನೆಯ ಹುಬ್ಬಳ್ಳಿಯ ಇಂಜಿನಿಯರ್ ಅಕ್ರಂ ಮತ್ತು ಅವನ ಹೆಂಡತಿ ಶಾಹಿದಾಗೆ 'ಪೋಕೆ' ಎಂಬ ಹಸಿಮೀನಿನ ಖಾದ್ಯದ ಹೊಣೆ ಬಿತ್ತು.

"ಹಸೀ ಮೀನಾ?" ಶಾಹಿದಾ ಬೆಚ್ಚಿದಳು. "ನಮ್ಮನ್ಯಾಗ ಅದನ್ನ ಬೆಕ್ಕಷ್ಟ ತಿಂತೈತ್ರಿ, ಅಣ್ಣಾರ!"

ಮಗಳು ನವ್ಯಾಳಿಗೆ ತೆಂಗಿನಹಾಲಿನ ಸಿಹಿ. "ಅಪ್ಪಾ, ದಿಸ್ ಈಸ್ ಸೋ ಎಂಬರಾಸಿಂಗ್ ಲಾ" ಎಂದು ಅವಳು ಮೊಬೈಲಿನಿಂದ ತಲೆಯೆತ್ತದೆ ಒಪ್ಪಿಕೊಂಡಳು.

ಮುಖ್ಯ ಖಾದ್ಯಗಳೆರಡನ್ನೂ ರಮಾನಂದರೇ ವಹಿಸಿಕೊಂಡರು. ಒಂದು 'ಪೊಯ್', ಅಂದರೆ ಕೆಸುವಿನ ಗೆಡ್ಡೆ ಬೇಯಿಸಿ ಜಜ್ಜಿದ ಗಂಜಿ. ಇನ್ನೊಂದು 'ಲಾವ್‌ಲಾವ್', ಅಂದರೆ ಕೆಸುವಿನೆಲೆಯಲ್ಲಿ ಗೆಣಸು, ಅಣಬೆ ಸುತ್ತಿ ಆವಿಯಲ್ಲಿ ಬೇಯಿಸಿದ ಪೊಟ್ಟಣ. ಕೆಸುವಿನ ಹೆಸರು ಕೇಳಿದ ಕೂಡಲೇ ವಿನೋದಾಳ ಕಿವಿ ನೆಟ್ಟಗಾಯಿತು. ಪತ್ರೊಡೆ ತಿಂದೇ ಬೆಳೆದವಳಲ್ಲವೇ?

"ರೀ, ಹುಣಸೆಹುಳಿ ಹಾಕ್ತೀರಿ ತಾನೆ?"

"ಹವಾಯಿಯವರು ಹಾಕಲ್ಲ."

"ಕೆಸು ತುರಿಸ್ತದೆ ಮಾರಾಯ್ರೆ!"

"ನಿಮ್ಮ ಕರಾವಳಿ ಕಡೆಯವರಿಗೆ ಎಲ್ಲದಕ್ಕೂ ಹುಳಿ ಬೇಕು! ನೀನು ಈವತ್ತು ಮುಖ್ಯ ಅತಿಥಿ. ಅಡುಗೆಮನೆ ಕಡೆ ತಲೆ ಹಾಕ್ಬೇಡ."

ಹುಳಿ ಹಾಕದ ಹವಾಯಿಯವರು ಕೆಸುವನ್ನು ಗಂಟೆಗಟ್ಟಲೆ ಬೇಯಿಸುತ್ತಾರೆ. ವಿಡಿಯೋದಲ್ಲೂ ಗೈಡು ಅದನ್ನೇ ಹೇಳಿದ್ದ. ಆದರೆ ಆ ಭಾಗ ಬರುವಷ್ಟರಲ್ಲಿ ಆಫೀಸಿನ ಕರೆ ಬಂದು ರಮಾನಂದರು ಮುಂದಕ್ಕೆ ಓಡಿಸಿಬಿಟ್ಟಿದ್ದರು. ಅವರ ಮೈಸೂರು ತರ್ಕ ಸರಳವಾಗಿತ್ತು: ಆವಿಯಲ್ಲಿ ಬೇಯುವುದು ಅಂದ ಮೇಲೆ ಇಡ್ಲಿಯಾದರೇನು, ಲಾವ್‌ಲಾವ್ ಆದರೇನು? ಪೊಟ್ಟಣ, ಗೆಡ್ಡೆ ಎಲ್ಲವನ್ನೂ ಇಡ್ಲಿ ಪಾತ್ರೆಗೆ ತುಂಬಿ, ಇಡ್ಲಿ ಬೇಯುವಷ್ಟೇ ಹೊತ್ತು ಇಟ್ಟು, ಇಡ್ಲಿಯ ಹಾಗೆಯೇ ಬೆರಳಿಂದ ಒತ್ತಿ ನೋಡಿ ಇಳಿಸಿದರು. ಗೆಡ್ಡೆ ಜಜ್ಜುವಾಗ ಅಂಗೈ ಒಂದಿಷ್ಟು ಕೆರೆಯಿತು. ಅದು ಸ್ಯಾನಿಟೈಸರಿನ ಪ್ರಭಾವವೆಂದು ಅವರು ತೀರ್ಮಾನಿಸಿದರು.

ಸಂಜೆ ಗೇಟಿನಲ್ಲಿ ಮೆರವಣಿಗೆ ಹೊರಟಿತು. ಗೈಡ್ ರಮಾನಂದರ ಮೈಮೇಲೆ ಹೂವಿನ ಅಂಗಿ, ಕೈಯಲ್ಲಿ ಬಣ್ಣದ ಕೊಡೆ, ಕೊರಳಲ್ಲಿ ದೀಪಾವಳಿಯ ಪ್ಲಾಸ್ಟಿಕ್ ಹಾರ! ಪ್ರವಾಸಿಗಳೆಂದರೆ ವಿನೋದಾ, ನವ್ಯಾ, ಅಕ್ರಂ, ಶಾಹಿದಾ. ರಮಾನಂದರು ಎಲ್ಲರ ಹಣೆಗೂ ಜ್ವರದ ಬಂದೂಕು ಹಿಡಿದು, ಕೈಗೆ ಸ್ಯಾನಿಟೈಸರ್ ಸುರಿದು, "ಅಲೋಹಾ! ನಡಿಗೆ ಮುಗಿಯೋವರೆಗೂ ಗೈಡ್ ಹೇಳಿದ್ದೇ ಕೊನೇ ಮಾತು!" ಎಂದು ಸಾರಿದರು. ಅಕ್ಕಪಕ್ಕದ ಕಿಟಕಿಗಳಲ್ಲಿ ಪರದೆಗಳು ಸರಿದವು. ಎದುರುಮನೆಯ ಮೇಡಂ ಲಿಮ್, ಬಡಾವಣೆಯ ಸಮಿತಿಯ ಕಾರ್ಯದರ್ಶಿ, ನಿಯಮ ಮುರಿದವರನ್ನು ಹಿಡಿಯಲೆಂದೇ ಹುಟ್ಟಿದವರು, ಬಾಗಿಲಿಗೇ ಬಂದು ನಿಂತರು.

ಅಕ್ರಂನ ಮನೆಯಂಗಳದಲ್ಲಿ ಪೋಕೆಯೂ ನವ್ಯಾಳ ಸಿಹಿಯೂ ಬಂದವು. ಹಸಿಮೀನನ್ನು ಶಾಹಿದಾ ಮಸಾಲೆ ಹಚ್ಚಿ ಗರಿಗರಿಯಾಗಿ ಹುರಿದಿದ್ದಳು. ಮೀನು ತಿನ್ನದ ಗೈಡಿಗೆ ಕಲ್ಲಂಗಡಿ ಹೋಳುಗಳಿದ್ದವು. "ಹವಾಯಿ ಬಾಳ ಚಲೋ ಐತ್ರಿ" ಎಂದು ಅಕ್ರಂ ಬೆರಳು ನೆಕ್ಕಿದ. ವಿನೋದಾ ನಕ್ಕಳು. ಎಷ್ಟೋ ತಿಂಗಳ ಮೇಲೆ ಅವಳು ಹಾಗೆ ನಕ್ಕದ್ದು ನೋಡಿ ರಮಾನಂದರ ಎದೆ ಉಬ್ಬಿತು. ಗುಟ್ಟು ಮಣ್ಣಾಗಲು ಇನ್ನೆರಡೇ ಖಾದ್ಯ ಬಾಕಿ!

ಬೀದಿಯ ಕೊನೆಯ ಪುಟ್ಟ ಪಾರ್ಕಿನ ಮಂಟಪದಲ್ಲಿ ಪೊಯ್ ಮತ್ತು ಲಾವ್‌ಲಾವ್ ಬಡಿಸಿದ್ದಾಯಿತು. ಆಗ ವಿನೋದಾ ವ್ಯಾನಿಟಿ ಬ್ಯಾಗಿನಿಂದ ಒಂದು ಪುಟ್ಟ ಡಬ್ಬಿ ತೆಗೆದಳು. ಅವಳು ಭೂಮಿಯ ಯಾವ ಮೂಲೆಗೆ ಹೋದರೂ ಮಿಡಿಗಾಯಿ ಉಪ್ಪಿನಕಾಯಿ ಜೊತೆಗೇ ಇರುತ್ತಿತ್ತು.

"ಒಂಚೂರು ನೆಂಚಿಕೊಳ್ಳಿ. ಹುಳಿ ಇದ್ರೆ ಒಳ್ಳೇದು" ಎಂದು ಅವಳು ಡಬ್ಬಿ ಚಾಚಿದಳು. ಅಕ್ರಂ ಕೈ ಮುಂದೆ ಮಾಡಿದ.

"ಕೈ ತೆಗೀರಿ!" ಗೈಡ್ ಗುಡುಗಿದರು. "ಹವಾಯಿಯಲ್ಲಿ ಉಪ್ಪಿನಕಾಯಿ ಇಲ್ಲ!"

ಅಕ್ರಂ ಕೈ ಹಿಂದೆಳೆದುಕೊಂಡ. ಮೊಬೈಲಿನಲ್ಲಿ ಮುಳುಗಿದ್ದ ನವ್ಯಾ ಒಂದು ತುತ್ತೂ ಮುಟ್ಟಲಿಲ್ಲ. ವಿನೋದಾ ಮಾತ್ರ ಗೈಡಿಗೆ ಬೆನ್ನು ಹಾಕಿ ಕೂತು, ಉಪ್ಪಿನಕಾಯಿ ರಸದಲ್ಲಿ ಅದ್ದಿ ಅದ್ದಿ ಆರಾಮವಾಗಿ ತಿಂದಳು. ಉಳಿದ ಮೂವರೂ ಹವಾಯಿಯ ಮರ್ಯಾದೆಗೋಸ್ಕರ ತಟ್ಟೆ ಖಾಲಿ ಮಾಡಿದರು.

ಮೊದಲು ಕೆಮ್ಮಿದವನು ಅಕ್ರಂ. "ಖ್ಹ... ಖ್ಹ..."

ಆ ಕಾಲದಲ್ಲಿ ಗುಂಪಿನಲ್ಲಿ ಒಂದು ಕೆಮ್ಮು ಕೇಳಿದರೆ ಸಾಕಿತ್ತು, ಜನ ಹಾವು ಕಂಡವರಂತೆ ಹಾರುತ್ತಿದ್ದರು. ಎಲ್ಲರೂ ಮಾರು ದೂರ ಹಾರಿ ನಿಂತರು.

"ಗಂಟ್ಲಾಗ ಏನೋ ಕೆರದಂಗ ಆಗಾಕತ್ತೈತ್ರಿ, ಸರ್..."

"ಯಾ ಅಲ್ಲಾ! ನನಗೂ ರೀ!" ಎಂದು ಶಾಹಿದಾ ಕೊರಳು ಹಿಡಿದುಕೊಂಡಳು.

ರಮಾನಂದರು ಧೈರ್ಯ ಹೇಳಲು ಬಾಯಿ ತೆರೆದರು. ಸಾವಿರ ಸೂಜಿ ಚುಚ್ಚಿದ ಗಂಟಲಿನಿಂದ ಮಾತಿನ ಬದಲು ಗೂಬೆಯ ಸ್ವರ ಹೊರಟಿತು. ಗಂಟಲು ಕೆರೆತ! ಟಿವಿಯಲ್ಲಿ ದಿನವೂ ತೋರಿಸುವ ಲಕ್ಷಣಗಳಲ್ಲಿ ಮೊದಲನೆಯದು!

"ಹೇ! ಹೂ ಈಸ್ ಕಾಫಿಂಗ್ ದೇರ್? ಐ ಕಾಲ್ ದ ಕ್ಲಿನಿಕ್ ಆಹ್!" ಬೀದಿಯ ಆ ತುದಿಯಿಂದ ಮೇಡಂ ಲಿಮ್ ಕೂಗಿದರು.

ಮರಣಭಯಕ್ಕಿಂತ ದೊಡ್ಡ ಸತ್ಯಶೋಧಕ ಯಂತ್ರವಿಲ್ಲ. ಅಕ್ರಂ ಹೆಂಡತಿಗೆ ಕೈಮುಗಿದ. "ಶಾಹಿದಾ, ನನ್ನ ಮಾಫ್ ಮಾಡು. ಮಾಮಕ್ ಹೋಟ್ಲಿಂದ ಪಾರ್ಸೆಲ್ ಕಟ್ಟಿಸ್ಕೊಂಡ್ ಬಂದೆ ಅಂತಿದ್ನೆಲ್ಲ, ಸುಳ್ಳು. ಅಲ್ಲೇ ಕುಂತು ರೋಟಿ ತಿಂದು, ದೋಸ್ತರ ಕೂಡ ಚಾ ಕುಡದ್ ಬರ್ತಿದ್ದೆ!"

"ಹೋಗ್ಲಿ ಬಿಡ್ರಿ" ಎಂದು ಶಾಹಿದಾ ಅತ್ತಳು. "ನಾನೂ ಕದ್ದು ಪಾರ್ಲರಿಗೆ ಹೋಗಿದ್ದೆ!"

ಇಬ್ಬರೂ ದೂರದಿಂದಲೇ ಒಬ್ಬರನ್ನೊಬ್ಬರು ಕ್ಷಮಿಸಿದರು. ಆ ದೃಶ್ಯ ರಮಾನಂದರ ಕರುಳನ್ನು ಹಿಂಡಿತು. ಈ ಪಾಪ ಹೊತ್ತುಕೊಂಡು ಸಾಯುವುದೇ? ಅವರು ಕೊಡೆ ಬಿಸಾಡಿ, ಹುಲ್ಲಿನ ಮೇಲೆ ಮಂಡಿಯೂರಿದರು.

"ವಿನೋದಾ! ನಿನಗೆ ಮೋಸ ಮಾಡ್ಬಿಟ್ಟೆ ಕಣೇ! ಹವಾಯಿ ಟಿಕೆಟ್ ಕ್ಯಾನ್ಸಲ್ ಆಗ್ಲಿಲ್ಲ. ನಾನು... ನಾನು ಬುಕ್ಕೇ ಮಾಡಿರ್ಲಿಲ್ಲ! ಆ ಹಯಗ್ರೀವ ತಿನ್ನೋ ಯೋಗ್ಯತೆ ನನಗಿರ್ಲಿಲ್ಲ!"

ವಿನೋದಾ ಮೆಲ್ಲಗೆ ಹತ್ತಿರ ಬಂದಳು. ಕೆಮ್ಮಿಲ್ಲ, ಕೆರೆತವಿಲ್ಲ, ಕಣ್ಣಲ್ಲಿ ನೀರೂ ಇಲ್ಲ. ಡಬ್ಬಿಯಿಂದ ಒಂದು ಮಿಡಿಗಾಯಿ ತೆಗೆದು ಗಂಡನ ಬಾಯಿಗೆ ತುರುಕಿದಳು.

"ಚೀಪಿ."

ಚೀಪಿದರು. ಸ್ವಲ್ಪ ಹೊತ್ತಿಗೆ ಸೂಜಿಗಳು ಒಂದೊಂದಾಗಿ ಇಳಿದವು. ಅಕ್ರಂ, ಶಾಹಿದಾ ಕೂಡ ಚೀಪಿ ಚೇತರಿಸಿಕೊಂಡರು.

"ಅಂದ್ರೆ... ಕೊರೊನಾ ಅಲ್ವಾ?" ರಮಾನಂದರ ಸ್ವರ ಮರಳಿತ್ತು.

"ಕೆಸು, ಮಾರಾಯ್ರೆ. ಬೇಯದ ಕೆಸು. ಅದಕ್ಕೇ ಹುಳಿ ಹಾಕಿ ಅಂದದ್ದು."

ಬದುಕಿದೆ ಎಂಬ ಸಂತೋಷ ರಮಾನಂದರ ಮುಖದಲ್ಲಿ ಅರಳಿತು. ತಾನು ಈಗಷ್ಟೇ ಏನು ಒದರಿದೆ ಎಂಬುದು ನೆನಪಾಗಿ ಅಷ್ಟೇ ಬೇಗ ಬಾಡಿತು. ಇದಕ್ಕಿಂತ ಕೊರೊನಾವೇ ವಾಸಿಯಿತ್ತು ಎಂದು ಅವರಿಗೆ ಮನಸಾರೆ ಅನ್ನಿಸಿತು.

"ಅಪ್ಪಾ, ಯು ಆರ್ ಸೋ ಡೆಡ್" ಎಂದಳು ನವ್ಯಾ.

ವಿನೋದಾಗೆ ಸಿಟ್ಟು ಬಂದಿತ್ತು, ಬೇಸರವೂ ಆಗಿತ್ತು. ಆದರೆ ಅವಳು ಕೂಗಾಡಲಿಲ್ಲ. "ಕೆಸುವಿನ ತುರಿಕೆಗೆ ಹುಳಿ ಮದ್ದು. ಇದಕ್ಕೆ ಹವಾಯಿಯೇ ಮದ್ದು" ಎಂದಷ್ಟೇ ಹೇಳಿ, ಬಿದ್ದಿದ್ದ ಕೊಡೆಯನ್ನೆತ್ತಿಕೊಂಡು ಮುಂದೆ ನಡೆದಳು. ಪ್ರವಾಸಿಗಳೆಲ್ಲ ಹೊಸ ಗೈಡಿನ ಹಿಂದೆ ಹೊರಟರು. ಹಳೆಯ ಗೈಡ್ ಪಾತ್ರೆ ಹೊತ್ತು ಕೊನೆಯಲ್ಲಿ ಬಂದರು.

ಗಡಿಗಳು ತೆರೆದ ವಾರವೇ, ದರ ಏರಿದೆಯೋ ಇಳಿದಿದೆಯೋ ನೋಡದೆ, ರಮಾನಂದರು ಟಿಕೆಟ್ ಕೊಂಡರು. ಹೀಗೆ ಇಪ್ಪತ್ತೇಳನೆಯ ವರ್ಷದಲ್ಲಿ ಬೆಳ್ಳಿಹಬ್ಬ ನಡೆಯಿತು. ಹೊನೊಲುಲುವಿನ ಕೇರಿಯೊಂದರಲ್ಲಿ, ಅಸಲಿ ಗೈಡಿನ ಹಿಂದೆ, ವಿನೋದಾ ಹೂವಿನ ಹಾರ ಹಾಕಿಕೊಂಡು ಚಿಕ್ಕ ಹುಡುಗಿಯ ಹಾಗೆ ನಡೆದಳು. ಮೂರನೆಯ ಅಂಗಡಿಯಲ್ಲಿ ಬಟ್ಟಲುಗಳು ಬಂದವು. ನೇರಳೆ ಬಣ್ಣದ, ಅಂಟಂಟಾದ, ಸಾಕ್ಷಾತ್ ಪೊಯ್!

ಗೈಡ್ ಅದನ್ನು ಗಂಟೆಗಟ್ಟಲೆ ಬೇಯಿಸಿದ್ದೇವೆ ಎಂದು ಎಷ್ಟು ಹೇಳಿದರೂ, ಕಂಡ ಕೂಡಲೇ ರಮಾನಂದರ ಗಂಟಲು ತಾನಾಗಿಯೇ ಕೆರೆಯತೊಡಗಿತು. ಹಣೆ ಬೆವೆತಿತು. ಅವರು ಹೆಂಡತಿಯ ಕಿವಿಯಲ್ಲಿ ಪಿಸುಗುಟ್ಟಿದರು.

"ವಿನೋದಾ... ನಿನ್ನ ಬ್ಯಾಗಲ್ಲಿ ಆ ಡಬ್ಬಿ ಇದೆ ತಾನೆ? ಒಂದೇ ಒಂದು ಮಿಡಿ ಕೊಡೇ..."

ವಿನೋದಾ ಒಂದು ತುತ್ತು ಪೊಯ್ ಬಾಯಿಗಿಟ್ಟು, ಚಪ್ಪರಿಸಿ, ಬ್ಯಾಗಿನ ಜಿಪ್ಪನ್ನು ಸರ್ರನೆ ಎಳೆದು ಮುಚ್ಚಿದಳು.

"ಹವಾಯಿಯಲ್ಲಿ ಉಪ್ಪಿನಕಾಯಿ ಇಲ್ಲ!"